ಪಾದ್ರಿಯ ಕೈಯಲ್ಲಿ ದಾಂಡು: ಧರ್ಮಪ್ರಚಾರಕ್ಕೂ ಕ್ರಿಕೆಟ್ಟಿಗೂ ಏನು ನಂಟು?

ಸುಗ್ಗಿ ಮುಗಿದ ಮೇಲೆ ಆದವಾನಿ, ಆಲೂರು, ಕೌತಾಳ, ಹೊಳಗುಂದದ ಕಡೆ ಹೋದರೆ ಎರೆ ಹೊಲಗಳು ಬಿರುಕು ಬಿಟ್ಟು ಮಲಗಿರುತ್ತವೆ. ಗಟ್ಟಿ ನೆಲವೆಂದರೆ ಒಕ್ಕಣೆ ಮುಗಿದ ಕಣವೊಂದೇ. ಅಲ್ಲಿ ಕಲ್ಲು ಪೇರಿಸಿ ವಿಕೆಟ್ ಮಾಡಿಕೊಂಡು ಹುಡುಗರು ಕ್ರಿಕೆಟ್ ಆಡುತ್ತಾರೆ. ಕೂಗಾಟ ಕನ್ನಡ, ತೆಲುಗು, ಉರ್ದು ಮೂರರಲ್ಲೂ ನಡೆಯುತ್ತದೆ. ಔಟು, ರನ್ನು, ಓವರು ಮಾತ್ರ ಇಂಗ್ಲಿಷಿನವು, ಅವೂ ಈಗ ನಮ್ಮ ಮಾತೇ ಆಗಿಹೋಗಿವೆ.

ಈ ಆಟ ಇಲ್ಲಿಗೆ ಹೇಗೆ ಬಂತು ಎಂದು ಕೇಳಿದರೆ ಸಿದ್ಧ ಉತ್ತರವೊಂದಿದೆ: ದೊರೆಗಳು ತಂದರು, ಪಾದ್ರಿಗಳು ಕಲಿಸಿದರು. ಉತ್ತರದ ಮೊದಲ ಭಾಗದ ಬಗ್ಗೆ ತಕರಾರಿಲ್ಲ. ಎರಡನೆಯ ಭಾಗದ ಬಗ್ಗೆ ಮಾತ್ರ ಇತಿಹಾಸಕಾರರು ದಶಕಗಳಿಂದ ವಾದ ಮಾಡುತ್ತಿದ್ದಾರೆ. ವಿಕ್ಟೋರಿಯಾ ರಾಣಿಯ ಕಾಲದ ಕ್ರೈಸ್ತ ಬೋಧಕರಿಗೆ ಕ್ರಿಕೆಟ್ ಏನಾಗಿತ್ತು? ಧರ್ಮದ ಪಾಠವೇ, ಧರ್ಮಕ್ಕೆ ಅಡ್ಡಿಯೇ, ಆಳ್ವಿಕೆಯ ಉಪಾಯವೇ? ಅವರು ಕೊಟ್ಟದ್ದನ್ನು ನಾವು ಪಡೆದೆವೋ, ಅವರು ಕೊಡದೆಯೇ ನಾವು ತೆಗೆದುಕೊಂಡೆವೋ?

ಈ ಪ್ರಶ್ನೆಗಳನ್ನು ಒರೆಗೆ ಹಚ್ಚಲು ಇಂಗ್ಲೆಂಡಿನ ಪರ ಟೆಸ್ಟ್ ಆಡಿ, ಎಲ್ಲವನ್ನೂ ಬಿಟ್ಟು ಪ್ರಚಾರಕರಾಗಿ, 1900ರಿಂದ 1906ರವರೆಗೆ ಊಟಿಯ ಚರ್ಚೊಂದರಲ್ಲಿ ಪಾದ್ರಿಯಾಗಿದ್ದ ಚಾರ್ಲ್ಸ್ ಥಾಮಸ್ ಸ್ಟಡ್ ಅವರ ಬದುಕಿಗಿಂತ ಒಳ್ಳೆಯ ಉದಾಹರಣೆ ಸಿಗುವುದು ಕಷ್ಟ. ಆಗ ಆದವಾನಿ ಬಳ್ಳಾರಿ ಜಿಲ್ಲೆಯ ತಾಲ್ಲೂಕು, ಬಳ್ಳಾರಿ ಮದ್ರಾಸ್ ಪ್ರಾಂತ್ಯದ ಜಿಲ್ಲೆ, ಆ ಪ್ರಾಂತ್ಯದ ಬೇಸಿಗೆ ರಾಜಧಾನಿ ಊಟಿ. ಹಾಗಾಗಿ ಸ್ಟಡ್ ಅವರ ಊಟಿಗೂ ನಮ್ಮ ಎರೆ ಸೀಮೆಗೂ ಆಳುವ ಸರ್ಕಾರ ಒಂದೇ ಆಗಿತ್ತು.

ಪ್ರಶ್ನೆಯ ಮೂಲ: ರಗ್ಬಿಯಿಂದ ಬೆಂಗಳೂರಿಗೆ

ಆಟಕ್ಕೂ ಕ್ರೈಸ್ತಧರ್ಮಕ್ಕೂ ಗಂಟು ಬಿದ್ದದ್ದು 19ನೇ ಶತಮಾನದ ನಡುವಿನಲ್ಲಿ, ಇಂಗ್ಲೆಂಡಿನ ಸಿರಿವಂತರ ವಸತಿ ಶಾಲೆಗಳಲ್ಲಿ. 1828ರಿಂದ 1842ರವರೆಗೆ ರಗ್ಬಿ ಶಾಲೆಯ ಮುಖ್ಯಸ್ಥರಾಗಿದ್ದ ಥಾಮಸ್ ಆರ್ನಾಲ್ಡ್ ಸ್ವತಃ ಪಾದ್ರಿ. ಅವರಿಗೆ ಮುಖ್ಯವಾಗಿದ್ದದ್ದು ಹುಡುಗರ ನಡತೆ, ಆಟವಲ್ಲ. ಆದರೆ ಅವರ ಶಿಷ್ಯ ಥಾಮಸ್ ಹ್ಯೂಸ್ 1857ರಲ್ಲಿ ಬರೆದ ಟಾಮ್ ಬ್ರೌನ್ ಎಂಬ ಹುಡುಗನ ಶಾಲಾ ದಿನಗಳ ಕಾದಂಬರಿ, ಗುರುವಿನ ನೀತಿಯನ್ನೂ ಮೈದಾನದ ಆಟವನ್ನೂ ಒಂದೇ ದಾರದಲ್ಲಿ ಪೋಣಿಸಿತು. ಅದೇ ವರ್ಷ ಚಾರ್ಲ್ಸ್ ಕಿಂಗ್ಸ್ಲಿ ಎಂಬ ಪಾದ್ರಿ-ಕಾದಂಬರಿಕಾರರ ಕೃತಿಯೊಂದರ ವಿಮರ್ಶೆಯಲ್ಲಿ ‘ಮಸ್ಕ್ಯುಲರ್ ಕ್ರಿಶ್ಚಿಯಾನಿಟಿ’ ಎಂಬ ಮಾತು ಕಾಣಿಸಿಕೊಂಡಿತು. ಕನ್ನಡದಲ್ಲಿ ಅದನ್ನು ಕಸುವಿನ ಕ್ರೈಸ್ತತ್ವ ಎನ್ನಬಹುದು. ಗಟ್ಟಿಮೈ, ಧೈರ್ಯ, ದುರ್ಬಲರ ರಕ್ಷಣೆ, ತಂಡಕ್ಕಾಗಿ ತನ್ನತನ ಬಿಡುವುದು ಎಲ್ಲವೂ ದೇವರಿಗೆ ಪ್ರಿಯವೆಂಬುದು ಅದರ ತಿರುಳು. ಅದಕ್ಕೂ ಮೊದಲೇ, 1851ರಲ್ಲಿ, ಜೇಮ್ಸ್ ಪೈಕ್ರಾಫ್ಟ್ ಎಂಬ ಪಾದ್ರಿ ‘ದಿ ಕ್ರಿಕೆಟ್ ಫೀಲ್ಡ್’ ಎಂಬ ಪುಸ್ತಕ ಬರೆದು, ಈ ಆಟ ಇಂಗ್ಲಿಷ್ ಜನರ ಗುಣವನ್ನೇ ತೋರಿಸುತ್ತದೆ ಎಂದು ವಾದಿಸಿದ್ದರು.

ಹ್ಯೂಸ್ ಅವರ ಕಾದಂಬರಿಯ ಕೊನೆಗೆ ಒಂದು ಕ್ರಿಕೆಟ್ ಪಂದ್ಯ ಬರುತ್ತದೆ. ಬೌಂಡರಿಯಾಚೆ ಕುಳಿತ ಯುವ ಮೇಷ್ಟ್ರೊಬ್ಬರು ಆಟದಲ್ಲಿರುವ ಶಿಸ್ತನ್ನು, ಒಬ್ಬರನ್ನೊಬ್ಬರು ನೆಚ್ಚುವ ಗುಣವನ್ನು ಮೆಚ್ಚಿ ಮಾತಾಡುತ್ತಾರೆ. ಆ ಮೇಷ್ಟ್ರ ಪಾತ್ರಕ್ಕೆ ಮಾದರಿಯಾದವರು ಜಾರ್ಜ್ ಎಡ್ವರ್ಡ್ ಲಿಂಚ್ ಕಾಟನ್. ರಗ್ಬಿಯಲ್ಲಿ ಪಾಠ ಹೇಳುತ್ತಿದ್ದ ಅವರು 1852ರಲ್ಲಿ ಮಾರ್ಲ್‌ಬರೋ ಶಾಲೆಗೆ ಮುಖ್ಯಸ್ಥರಾಗಿ ಹೋದರು. ಅಲ್ಲಿ ಹುಡುಗರು ಹಿಂದಿನ ವರ್ಷವಷ್ಟೇ ಮೇಷ್ಟ್ರುಗಳ ಮೇಲೆ ದಂಗೆಯೆದ್ದಿದ್ದರು. ಊರ ಹೊಲಗದ್ದೆಗಳಲ್ಲಿ ಅಲೆದು ಪುಂಡಾಟ ಮಾಡುತ್ತಿದ್ದ ಆ ಹುಡುಗರನ್ನು ಕಾಟನ್ ಮೈದಾನಕ್ಕೆ ಎಳೆತಂದರು, ಆಟಕ್ಕೆ ಕಟ್ಟುಪಾಡು ಹಾಕಿಕೊಟ್ಟರು. ಶಾಲೆಯ ದಿನಚರಿಯಲ್ಲಿ ಕಡ್ಡಾಯದ ಆಟ ಸೇರಿದ್ದರ ಮೊದಲ ಹೆಜ್ಜೆಗಳಲ್ಲಿ ಇದೊಂದು ಎಂದು ಇತಿಹಾಸಕಾರರು ಗುರುತಿಸುತ್ತಾರೆ.

1858ರಲ್ಲಿ ಕಾಟನ್ ಕಲ್ಕತ್ತೆಯ ಬಿಷಪ್ ಆಗಿ ಬಂದರು. ಭಾರತದಲ್ಲಿ ನೆಲೆಸಿದ ಯುರೋಪಿಯನ್ ಮತ್ತು ಆಂಗ್ಲೋ-ಇಂಡಿಯನ್ ಮಕ್ಕಳಿಗೆ ಶಾಲೆಗಳು ಬೇಕೆಂಬುದು ಅವರ ಹಂಬಲವಾಗಿತ್ತು. 1865ರಲ್ಲಿ ಪಾದ್ರಿ ಸ್ಯಾಮ್ಯುಯೆಲ್ ಪೆಟಿಗ್ರೂ ಬೆಂಗಳೂರಿನಲ್ಲಿ ತೆರೆದ ಶಾಲೆ ಇವತ್ತಿಗೂ ಕಾಟನ್ ಅವರ ಹೆಸರಿನಲ್ಲೇ ನಡೆಯುತ್ತಿದೆ. ಮರುವರ್ಷ, 1866ರ ಅಕ್ಟೋಬರಿನಲ್ಲಿ, ಬಂಗಾಳದ ಕುಷ್ಟಿಯಾದಲ್ಲಿ ದೋಣಿ ಹತ್ತುವಾಗ ಕಾಲು ಜಾರಿ ನದಿಗೆ ಬಿದ್ದು ಕಾಟನ್ ತೀರಿಕೊಂಡರು. ಆಟವನ್ನು ನಡತೆಯ ಪಾಠವೆಂದು ಬಗೆದ ಪಾದ್ರಿಯೊಬ್ಬರ ನೇರ ನೆರಳು ಕನ್ನಡ ನೆಲದ ಮೇಲೆ ಬಿದ್ದದ್ದು ಹೀಗೆ. ಆದರೆ ಆ ನೆರಳಲ್ಲಿ ಮೊದಲು ಕುಳಿತವರು ಕನ್ನಡದ ಮಕ್ಕಳಲ್ಲ, ದಂಡು ಪ್ರದೇಶದ ಮಕ್ಕಳು ಎಂಬುದು ನೆನಪಿನಲ್ಲಿರಲಿ.

ಒಂದು ಬದುಕು: ನೀಲಿಯ ಹಣ, ಓವಲ್ ಮೈದಾನ, ಚೀನಾದ ದಾರಿ

ಚಾರ್ಲ್ಸ್ ಸ್ಟಡ್ ಹುಟ್ಟಿದ್ದು 1860ರ ಡಿಸೆಂಬರ್ 2ರಂದು. ತಂದೆ ಎಡ್ವರ್ಡ್ ಸ್ಟಡ್ ಬಿಹಾರದ ತಿರ್ಹುತ್ ಸೀಮೆಯಲ್ಲಿ ನೀಲಿ ಬೆಳೆಸಿ ಹಣ ಮಾಡಿ ಇಂಗ್ಲೆಂಡಿಗೆ ಮರಳಿದವರು. ಅವರ ಕುದುರೆ 1866ರ ಗ್ರ್ಯಾಂಡ್ ನ್ಯಾಷನಲ್ ಜೂಜನ್ನು ಗೆದ್ದಿತ್ತು. 1870ರ ದಶಕದಲ್ಲಿ ಅಮೆರಿಕದ ಪ್ರಚಾರಕ ಡ್ವೈಟ್ ಮೂಡಿಯವರ ಉಪದೇಶ ಕೇಳಿ ಅವರು ಪೂರಾ ಬದಲಾದರು, ಕುದುರೆಗಳನ್ನು ಬಿಟ್ಟು ತಮ್ಮ ಬಂಗಲೆಯಲ್ಲೇ ಪ್ರಾರ್ಥನಾಸಭೆ ನಡೆಸತೊಡಗಿದರು. ಆ ಹಣದ ಮೂಲವನ್ನು ನಾವು ಮರೆಯಬಾರದು. ತಿರ್ಹುತ್ತಿನ ಪಕ್ಕದ ಚಂಪಾರಣ್ಯಕ್ಕೆ 1917ರಲ್ಲಿ ಗಾಂಧೀಜಿ ಹೋದದ್ದು ಇದೇ ನೀಲಿ ಬೆಳೆಯ ರೈತರ ಗೋಳು ಕೇಳಿ.

ಕೈನಾಸ್ಟನ್, ಜಾರ್ಜ್, ಚಾರ್ಲ್ಸ್ ಮೂವರು ಅಣ್ಣತಮ್ಮಂದಿರೂ ಈಟನ್ ಶಾಲೆಯಲ್ಲಿ, ಆಮೇಲೆ ಕೇಂಬ್ರಿಜ್‌ನಲ್ಲಿ ಓದಿದರು. 1882, 1883, 1884ರಲ್ಲಿ ಕೇಂಬ್ರಿಜ್ ತಂಡದ ನಾಯಕತ್ವ ಒಬ್ಬರಾದ ಮೇಲೊಬ್ಬರಂತೆ ಈ ಮೂವರದೇ ಆಯಿತು. ಅವರಲ್ಲಿ ಚಾರ್ಲ್ಸ್ ಎತ್ತರದ ಆಟಗಾರ. 1882ರಲ್ಲಿ, ಮತ್ತೆ 1883ರಲ್ಲಿ, ಒಂದೇ ಋತುವಿನಲ್ಲಿ ಸಾವಿರ ರನ್ನೂ ನೂರು ವಿಕೆಟ್ಟೂ ಗಳಿಸಿದವರು.

1882ರ ಆಗಸ್ಟ್ 28 ಮತ್ತು 29ರಂದು ಲಂಡನ್ನಿನ ಓವಲ್ ಮೈದಾನದಲ್ಲಿ ನಡೆದ ಟೆಸ್ಟಿನಲ್ಲಿ ಇಂಗ್ಲೆಂಡ್ ಗೆಲ್ಲಲು ಬೇಕಾಗಿದ್ದದ್ದು 85 ರನ್. ಆಸ್ಟ್ರೇಲಿಯಾದ ಸ್ಪಾಫರ್ತ್ ಎರಡೂ ಇನಿಂಗ್ಸಿನಲ್ಲಿ ಏಳೇಳು ವಿಕೆಟ್ ಕಿತ್ತರು. ಇಂಗ್ಲೆಂಡ್ 77ಕ್ಕೆ ಮುಗಿದು 7 ರನ್ನಿನಿಂದ ಸೋತಿತು. ಆ ಋತುವಿನಲ್ಲಿ ಅದೇ ಆಸ್ಟ್ರೇಲಿಯನ್ನರ ಎದುರು ಎರಡು ಶತಕ ಹೊಡೆದಿದ್ದ ಸ್ಟಡ್ ಅವರನ್ನು ನಾಯಕ ಹಾರ್ನ್‌ಬಿ ತೀರ ಕೆಳಗಿನ ಕ್ರಮಾಂಕದಲ್ಲಿ ಕಳಿಸಿದ್ದರು. ಒಂದು ಚೆಂಡನ್ನೂ ಎದುರಿಸದೆ ಅವರು ಔಟಾಗದೆ ಉಳಿದರು. ಇಂಗ್ಲಿಷ್ ಕ್ರಿಕೆಟ್ ಸತ್ತಿತು ಎಂದು ಪತ್ರಿಕೆಯೊಂದು ಅಣಕದ ಮರಣವಾರ್ತೆ ಹಾಕಿದ್ದು, ಆ್ಯಶಸ್ (ಬೂದಿ) ಎಂಬ ಹೆಸರು ಹುಟ್ಟಿದ್ದು ಈ ಸೋಲಿನಿಂದ. ಆ ಬೂದಿಯನ್ನು ಮರಳಿ ತರಲು 1882-83ರಲ್ಲಿ ಐವೊ ಬ್ಲೈ ಅವರ ಜೊತೆ ಆಸ್ಟ್ರೇಲಿಯಾಕ್ಕೆ ಹೋದ ತಂಡದಲ್ಲಿ ಚಾರ್ಲ್ಸ್ ಮತ್ತು ಜಾರ್ಜ್ ಇಬ್ಬರೂ ಇದ್ದರು.

ಮರುವರ್ಷ ಜಾರ್ಜ್ ಸಾವಿನ ಅಂಚಿಗೆ ಹೋಗಿ ಬಂದರು. ಅಣ್ಣನ ಹಾಸಿಗೆಯ ಪಕ್ಕ ಕುಳಿತಾಗ, ಕೀರ್ತಿ, ಹೊಗಳಿಕೆಗಳ ಬೆಲೆಯೇನು ಎಂಬ ಪ್ರಶ್ನೆ ಚಾರ್ಲ್ಸ್‌ರನ್ನು ಹಿಡಿಯಿತು. 1885ರ ಫೆಬ್ರವರಿಯಲ್ಲಿ ‘ಕೇಂಬ್ರಿಜ್‌ನ ಏಳು ಜನ’ ಎಂದು ಹೆಸರಾದ ಗುಂಪಿನಲ್ಲಿ ಒಬ್ಬರಾಗಿ ಚೀನಾಕ್ಕೆ ಹಡಗು ಹತ್ತಿದರು. ತಂದೆಯ ಆಸ್ತಿಯಲ್ಲಿ ತಮ್ಮ ಪಾಲಿಗೆ ಬಂದ ಸುಮಾರು 29,000 ಪೌಂಡ್ ಹಣವನ್ನು 1887ರಲ್ಲಿ ದಾನ ಮಾಡಿದರು. ಅದರಲ್ಲಿ 5,000 ಪೌಂಡ್ ಭಾರತದಲ್ಲಿ ಸಾಲ್ವೇಶನ್ ಆರ್ಮಿ ಕಟ್ಟಿದ ಬೂತ್-ಟಕರ್ ಅವರಿಗೆ ಹೋಯಿತು. ತಿರ್ಹುತ್ತಿನ ಮಣ್ಣಿನಿಂದ ಹೊರಟ ದುಡ್ಡಿನ ಒಂದು ಚೂರು ಹೀಗೆ ಭಾರತಕ್ಕೇ ಮರಳಿತು.

ಊಟಿಯ ಆರು ವರ್ಷ

ಚೀನಾದಲ್ಲಿ ಸುಮಾರು ಹತ್ತು ವರ್ಷ ಕಳೆದು, ಆರೋಗ್ಯ ಕೆಟ್ಟು 1894ರಲ್ಲಿ ಮರಳಿದ ಸ್ಟಡ್, 1900ರಲ್ಲಿ ಹೆಂಡತಿ ಪ್ರಿಸಿಲ್ಲಾ ಮತ್ತು ನಾಲ್ವರು ಹೆಣ್ಣುಮಕ್ಕಳೊಂದಿಗೆ ಭಾರತದ ದಾರಿ ಹಿಡಿದರು. ತಂದೆ ನೆಲೆಸಿದ್ದ ತಿರ್ಹುತ್ತಿನಲ್ಲಿ ಕೆಲಕಾಲ ಉಪದೇಶ ಮಾಡಿ, ಊಟಿಯ ಯೂನಿಯನ್ ಚರ್ಚಿನ ಪಾದ್ರಿಯಾದರು. ಆ್ಯಂಗ್ಲಿಕನ್ ಸಭೆಯ ದೀಕ್ಷೆ ಪಡೆದವರಲ್ಲದಿದ್ದರೂ ಸಭೆ ನಡೆಸಿದರು, ಬೋಧಿಸಿದರು. ನಮ್ಮ ಜನರ ಬಾಯಲ್ಲಿ ಅದು ಪಾದ್ರಿಯ ಕೆಲಸವೇ.

ಅವರ ಎದುರು ಕುಳಿತವರು ತೋಟದ ದೊರೆಗಳು, ಬೇಸಿಗೆಗೆ ಗುಡ್ಡ ಹತ್ತಿದ ಅಧಿಕಾರಿಗಳು, ವೆಲಿಂಗ್ಟನ್ ಬ್ಯಾರಕ್ಕಿನ ಸಿಪಾಯಿಗಳು. ಇವರ ನಡುವೆ ಸ್ಟಡ್ ಮತ್ತೆ ಬ್ಯಾಟು ಹಿಡಿದರು. ಟೆಸ್ಟ್ ಆಡಿದವರೆಂಬ ಹೆಸರು, ಚರ್ಚಿನ ಮೆಟ್ಟಿಲು ಹತ್ತದ ಸಿಪಾಯಿಯನ್ನೂ ಅವರ ಮಾತಿನತ್ತ ಸೆಳೆಯುತ್ತಿತ್ತು. ಉಬ್ಬಸ ರಾತ್ರಿ ನಿದ್ದೆಗೆಡಿಸುತ್ತಿದ್ದ ವರ್ಷಗಳು ಅವು.

ಅದೇ ನೀಲಗಿರಿಯ ಕೇತಿಯಲ್ಲಿ, 19ನೇ ಶತಮಾನದ ನಡುವಿನಿಂದ, ಬಾಸೆಲ್ ಮಿಷನ್ನಿನವರು ಬಡಗರ ನಡುವೆ ಕೆಲಸ ಮಾಡುತ್ತಿದ್ದರು. ಬಡಗರ ನುಡಿ ಕನ್ನಡದ ತೀರ ಹತ್ತಿರದ ಬಳಗ. ಹಾಗಾಗಿ ಆ ಪಾದ್ರಿಗಳು ಕನ್ನಡ ಕಲಿತು ಹಟ್ಟಿಯಿಂದ ಹಟ್ಟಿಗೆ ನಡೆದರು. ಒಂದೇ ಗುಡ್ಡದ ಮೇಲೆ ಒಂದು ಮಿಷನ್ ಕನ್ನಡದಲ್ಲಿ ಮಾತಾಡುತ್ತಿತ್ತು, ಇನ್ನೊಂದು ಇಂಗ್ಲಿಷಿನಲ್ಲಿ ಬೋಧಿಸಿ ಕ್ರಿಕೆಟ್ ಆಡುತ್ತಿತ್ತು. ಈ ಎರಡರ ನಡುವಿನ ಅಂತರದಲ್ಲೇ ನಮ್ಮ ಪ್ರಶ್ನೆಯ ಬಹುಪಾಲು ಅಡಗಿದೆ.

1906ರಲ್ಲಿ ಸ್ಟಡ್ ಊಟಿ ಬಿಟ್ಟರು. 1913ರಲ್ಲಿ ಬೆಲ್ಜಿಯನ್ ಕಾಂಗೋಗೆ ಹೋಗಿ ಹೊಸ ಮಿಷನ್ ಕಟ್ಟಿ, ತಾಯ್ನಾಡಿನ ತಮ್ಮದೇ ಸಮಿತಿಯೊಂದಿಗೆ ಮನಸ್ತಾಪಕ್ಕಿಳಿದು, 1931ರ ಜುಲೈ 16ರಂದು ಇಬಾಂಬಿಯಲ್ಲಿ ತೀರಿಕೊಂಡರು.

ಮೊದಲ ನೋಟ: ಆಟವೆಂಬ ತ್ಯಾಗ

ಸ್ಟಡ್ ಅವರ ಬದುಕನ್ನು ಮೊದಲು ಅರ್ಥೈಸಿದವರು ಅವರ ಧರ್ಮಬಂಧುಗಳು. ಅಳಿಯ ನಾರ್ಮನ್ ಗ್ರಬ್ 1933ರಲ್ಲಿ ಬರೆದ ಜೀವನಚರಿತ್ರೆ ಈ ನೋಟದ ಮೂಲಪಠ್ಯ. ಇದರ ಪ್ರಕಾರ ಕ್ರಿಕೆಟ್ ಎಂದರೆ ಲೋಕದ ಕೀರ್ತಿ. ಅದು ಎಷ್ಟು ದೊಡ್ಡದೋ, ಅದನ್ನು ಬಿಟ್ಟ ತ್ಯಾಗವೂ ಅಷ್ಟೇ ದೊಡ್ಡದು. ಅರಮನೆ ಬಿಟ್ಟು ನಡೆದವರ ಕಥೆಗಳನ್ನು ಕೇಳಿ ಬೆಳೆದ ನಮಗೆ ಈ ನೋಟ ಬೇಗ ಮನಸ್ಸಿಗೆ ಹತ್ತುತ್ತದೆ. ಆಸ್ತಿ ಹಂಚಿದ್ದನ್ನೂ, ರೋಗವನ್ನು ಲೆಕ್ಕಿಸದೆ ಐವತ್ತು ದಾಟಿದ ಮೇಲೆ ಆಫ್ರಿಕಾಕ್ಕೆ ಹೋದದ್ದನ್ನೂ ಇದು ಚೆನ್ನಾಗಿ ವಿವರಿಸುತ್ತದೆ.

ಆದರೆ ಊಟಿಯಲ್ಲಿ ಅವರು ಮತ್ತೆ ಬ್ಯಾಟು ಹಿಡಿದದ್ದೇಕೆ ಎಂಬುದಕ್ಕೆ ಈ ನೋಟದಲ್ಲಿ ಬಿಗಿಯಾದ ಉತ್ತರವಿಲ್ಲ. ಬಿಟ್ಟದ್ದು ಪಾಪವೇ ಆಗಿದ್ದರೆ ಮರಳಿ ಹಿಡಿಯುವಂತಿರಲಿಲ್ಲ. ಅವರು ಬಿಟ್ಟದ್ದು ಆಟದ ಮೇಲಿನ ಮೋಹವನ್ನು, ಆಟವನ್ನಲ್ಲ ಎಂದು ಒಪ್ಪಿದರೆ ಮಾತ್ರ ಲೆಕ್ಕ ಕೂಡುತ್ತದೆ.

ಎರಡನೆಯ ನೋಟ: ಆಟವೆಂಬ ಶೀಲ

ಎರಡನೆಯವರು ಸ್ಟಡ್ ಅವರನ್ನು ಕಸುವಿನ ಕ್ರೈಸ್ತತ್ವದ ಮೂರ್ತಿಯೆಂದು ಕಾಣುತ್ತಾರೆ. ಮೈದಾನದಲ್ಲಿ ಕಲಿತ ಧೈರ್ಯ, ಸಹನೆ, ತಂಡಬುದ್ಧಿಗಳೇ ಚೀನಾದಲ್ಲೂ ಕಾಂಗೋದಲ್ಲೂ ಅವರ ಕೈಹಿಡಿದವು ಎನ್ನುವುದು ಇವರ ಮಾತು. ವಿಕ್ಟೋರಿಯಾ ಕಾಲದ ಕ್ರಿಕೆಟ್ ಕುರಿತು 1994ರಲ್ಲಿ ಪುಸ್ತಕ ಬರೆದ ಕೀತ್ ಸ್ಯಾಂಡಿಫರ್ಡ್, ಆ ಸಮಾಜದಲ್ಲಿ ಚರ್ಚೂ ಶಾಲೆಯೂ ಈ ಆಟವನ್ನು ಎಷ್ಟು ಆಳವಾಗಿ ಒಪ್ಪಿಕೊಂಡಿದ್ದವು ಎಂದು ತೋರಿಸಿದ್ದಾರೆ. ಪಾದ್ರಿಗಳು ಆಡುವುದು ಅಲ್ಲಿ ವಿಚಿತ್ರವಾಗಿರಲಿಲ್ಲ. 1879ರಲ್ಲಿ ಇಂಗ್ಲೆಂಡಿನ ಪರ ಟೆಸ್ಟ್ ಆಡಿದ ವರ್ನನ್ ರಾಯ್ಲ್ ಆಮೇಲೆ ಪಾದ್ರಿಯಾದರು. 20ನೇ ಶತಮಾನದಲ್ಲಿ ಡೇವಿಡ್ ಶೆಪರ್ಡ್ ದೀಕ್ಷೆ ಪಡೆದ ಮೇಲೂ ಟೆಸ್ಟ್ ಆಡಿ, ಮುಂದೆ ಬಿಷಪ್ ಆದರು.

ಕಾಟನ್ ಅವರಂತಹವರನ್ನು ಈ ನೋಟ ಸರಿಯಾಗಿ ವಿವರಿಸುತ್ತದೆ. ಸ್ಟಡ್ ಮಾತ್ರ ಈ ಅಚ್ಚಿಗೆ ಪೂರ್ತಿ ಕೂರುವುದಿಲ್ಲ. ಕಿಂಗ್ಸ್ಲಿ, ಹ್ಯೂಸ್, ಕಾಟನ್ ಅವರದು ಉದಾರ ಪಂಥ. ಲೋಕದೊಳಗೇ ದೇವರ ಕೆಲಸ ಮಾಡಬೇಕು, ದೇಹವೂ ದೇವರ ದಾನ ಎನ್ನುವವರು. ಸ್ಟಡ್ ಬಂದದ್ದು ಮೂಡಿಯವರ ಪುನರುಜ್ಜೀವನದ ಹಾದಿಯಿಂದ. ಅಲ್ಲಿ ಆತ್ಮದ ರಕ್ಷಣೆಯೊಂದೇ ಗುರಿ, ಮಿಕ್ಕದ್ದೆಲ್ಲ ಅದಕ್ಕೆ ಮೆಟ್ಟಿಲು. ಎರಡೂ ಪಂಥದವರು ಬ್ಯಾಟು ಹಿಡಿದರು, ಬೈಬಲ್ ಹಿಡಿದರು ಎಂಬ ಕಾರಣಕ್ಕೆ ಎಲ್ಲರನ್ನೂ ಒಂದೇ ಹಗೇವಿಗೆ ಸುರಿದದ್ದು ಈ ವಿಷಯದ ಬರಹಗಳಲ್ಲಿ ನನಗೆ ಕಾಣುವ ದೊಡ್ಡ ದೋಷ.

ಮೂರನೆಯ ನೋಟ: ಆಟವೆಂಬ ಆಳ್ವಿಕೆ

1986ರಲ್ಲಿ ಜೆ. ಎ. ಮ್ಯಾಂಗನ್ ಬರೆದ ‘ದಿ ಗೇಮ್ಸ್ ಎಥಿಕ್ ಆ್ಯಂಡ್ ಇಂಪೀರಿಯಲಿಸಂ’ ಚರ್ಚೆಯ ದಿಕ್ಕನ್ನೇ ಬದಲಿಸಿತು. ವಸತಿ ಶಾಲೆಗಳ ಆಟದ ನೀತಿ ಸಾಮ್ರಾಜ್ಯವನ್ನು ಆಳುವವರನ್ನು ತಯಾರು ಮಾಡಿತು, ಆಳಿಸಿಕೊಳ್ಳುವವರನ್ನು ವಿಧೇಯರನ್ನಾಗಿಸಲು ಅದೇ ನೀತಿಯನ್ನು ಹೊರಗೂ ಕಳಿಸಿತು ಎಂಬುದು ಅವರ ವಾದ. ಮಿಷನರಿಯೂ ಕಲೆಕ್ಟರೂ ಸೈನ್ಯಾಧಿಕಾರಿಯೂ ಒಂದೇ ಮೈದಾನದ ಹುಡುಗರು.

ಇದಕ್ಕೆ ಮರೆಯಲಾಗದ ಸಾಕ್ಷಿ ಸಿಗುವುದು ಕಾಶ್ಮೀರದಲ್ಲಿ. 1890ರಲ್ಲಿ ಶ್ರೀನಗರಕ್ಕೆ ಬಂದ ಪಾದ್ರಿ ಟಿಂಡೇಲ್-ಬಿಸ್ಕೋ ತಮ್ಮ ಶಾಲೆಯ ಪಂಡಿತರ ಮಕ್ಕಳಿಗೆ ಫುಟ್ಬಾಲ್ ತಂದಾಗ, ಚರ್ಮದ ಚೆಂಡು ಮುಟ್ಟಿದರೆ ಮೈಲಿಗೆ ಎಂದು ಮಕ್ಕಳು ಹಿಂಜರಿದರು. ಪಾದ್ರಿ ಬಲವಂತದಿಂದಲೇ ಆಡಿಸಿದರು. ಅದು ಜಾತಿಯ ಕಟ್ಟನ್ನು ಒಡೆದ ಘಳಿಗೆಯೋ, ಪರರ ಮಕ್ಕಳ ಮೈಮೇಲೆ ನಡೆದ ದಬ್ಬಾಳಿಕೆಯೋ? ಮ್ಯಾಂಗನ್ ಹಾದಿಯ ವಿದ್ವಾಂಸರು ಎರಡನೆಯದಕ್ಕೆ ಒತ್ತು ಕೊಡುತ್ತಾರೆ. ನನಗೆ ಎರಡೂ ನಿಜವೆನಿಸುತ್ತದೆ.

ಆದರೆ ಈ ನೋಟದ ಪ್ರಕಾರ ಆಟ ಮೇಲಿನಿಂದ ಕೆಳಗೆ ಹರಿಯಬೇಕು. ಊಟಿಯ ಸ್ಟಡ್ ಅವರಿಂದ ಬಿಳಿಯ ಸಿಪಾಯಿ, ತೋಟದ ದೊರೆಗಳ ಆಚೆಗೆ ಏನೂ ಕೆಳಗೆ ಹರಿಯಲಿಲ್ಲ. ಅವರ ಕ್ರಿಕೆಟ್ ಆಳುವವರೊಳಗಿನ ಕ್ರಿಕೆಟ್. ಕೊಡುವ ಉದ್ದೇಶವೇ ಇಲ್ಲದ ಕಡೆ, ಆಟ ಹೇಗೆ ಹಬ್ಬಿತು?

ನಾಲ್ಕನೆಯ ನೋಟ: ನಾವೇ ತೆಗೆದುಕೊಂಡ ಆಟ

ಇದಕ್ಕೆ ಉತ್ತರ ಹುಡುಕಿದವರು ಭಾರತದ ಕಡೆಯಿಂದ ನೋಡಿದ ಬರಹಗಾರರು. ಭಾರತದ ಕ್ರಿಕೆಟ್ಟಿನ ಪೋಷಕರು, ಆಟಗಾರರು, ಪ್ರೇಕ್ಷಕರನ್ನು ರಿಚರ್ಡ್ ಕ್ಯಾಶ್‌ಮನ್ 1980ರಲ್ಲೇ ಅಧ್ಯಯನ ಮಾಡಿದರು. 1989ರಲ್ಲಿ ಆಶಿಶ್ ನಂದಿ, ಕ್ರಿಕೆಟ್ ಮೂಲದಲ್ಲೇ ಭಾರತೀಯ ಮನೋಧರ್ಮದ ಆಟ, ಬ್ರಿಟಿಷರು ಅದನ್ನು ಆಕಸ್ಮಿಕವಾಗಿ ಕಂಡುಹಿಡಿದರು ಎಂಬ ಬೆರಗಿನ ವಾದ ಮಂಡಿಸಿದರು. ಅರ್ಜುನ್ ಅಪ್ಪಾದುರೈ, ರೇಡಿಯೊ ಮತ್ತು ದೇಶಭಾಷೆಗಳ ಮೂಲಕ ಈ ಆಟ ಹೇಗೆ ನಮ್ಮ ನಾಲಿಗೆಗೆ ಇಳಿಯಿತು ಎಂಬುದನ್ನು ಬಿಡಿಸಿ ತೋರಿಸಿದರು. 2002ರ ‘ಎ ಕಾರ್ನರ್ ಆಫ್ ಎ ಫಾರಿನ್ ಫೀಲ್ಡ್’ ಕೃತಿಯಲ್ಲಿ ರಾಮಚಂದ್ರ ಗುಹಾ ಇಡೀ ಕಥೆಯನ್ನು ಮುಂಬಯಿಯ ಮೈದಾನದಿಂದ ಹೇಳಿದರು. 1848ರಲ್ಲಿ ಪಾರ್ಸಿಗಳು ತಮ್ಮದೇ ಕ್ಲಬ್ ಕಟ್ಟಿದ್ದು, 1886ರಲ್ಲಿ ಇಂಗ್ಲೆಂಡಿಗೆ ಹೋದದ್ದು ಯಾವ ಪಾದ್ರಿಯ ಪ್ರೇರಣೆಯಿಂದಲೂ ಅಲ್ಲ. ಮದ್ರಾಸಿನಲ್ಲೂ 1888ರಲ್ಲಿ ಬುಚ್ಚಿಬಾಬು ನಾಯ್ಡು ಭಾರತೀಯರಿಗಾಗಿ ಮದ್ರಾಸ್ ಯುನೈಟೆಡ್ ಕ್ಲಬ್ ಕಟ್ಟಿದರು.

ಗುಹಾ ಅವರ ಕೃತಿಯ ನಾಯಕ ನಮ್ಮ ನೆಲಕ್ಕೆ ಸೇರಿದವರು. 1870ರ ದಶಕದಲ್ಲಿ ಧಾರವಾಡದಲ್ಲಿ ಹುಟ್ಟಿದ ಪಾಲ್ವಂಕರ್ ಬಾಳು, ಅಸ್ಪೃಶ್ಯತೆಯ ನೋವುಂಡ ದಲಿತ ಕುಟುಂಬದವರು. ಪುಣೆಯ ಯುರೋಪಿಯನ್ ಕ್ಲಬ್ಬಿನಲ್ಲಿ ಪಿಚ್ ಉರುಳಿಸುವ, ಬಲೆ ಕಟ್ಟುವ ಕೂಲಿ ಕೆಲಸದಲ್ಲಿದ್ದು, ದೊರೆಗಳಿಗೆ ಅಭ್ಯಾಸಕ್ಕಾಗಿ ಚೆಂಡೆಸೆಯುತ್ತಲೇ ದೊಡ್ಡ ಸ್ಪಿನ್ನರ್ ಆದರು. 1911ರ ಇಂಗ್ಲೆಂಡ್ ಪ್ರವಾಸದಲ್ಲಿ ನೂರಕ್ಕೂ ಹೆಚ್ಚು ವಿಕೆಟ್ ಪಡೆದರು. ಆ ತಂಡದಲ್ಲಿ ಬೆಂಗಳೂರಿನ ಬಿ. ಜಯರಾಂ ಕೂಡ ಇದ್ದರು. ಬಾಳು ಅವರಿಗೆ ಕ್ರಿಕೆಟ್ ಕಲಿಸಲು ಯಾರೂ ಶಾಲೆ ತೆರೆಯಲಿಲ್ಲ, ಉಪದೇಶ ಮಾಡಲಿಲ್ಲ. ಅವರು ಬೆವರಿನಿಂದ ಕಲಿತರು.

ಮೂರನೆಯ ಮತ್ತು ನಾಲ್ಕನೆಯ ನೋಟಗಳ ನಡುವೆ ನಿಲ್ಲುವವರು ಟ್ರಿನಿಡಾಡಿನ ಸಿ. ಎಲ್. ಆರ್. ಜೇಮ್ಸ್. 1963ರ ‘ಬಿಯಾಂಡ್ ಎ ಬೌಂಡರಿ’ಯಲ್ಲಿ ಅವರು, ಆಳಿಸಿಕೊಂಡವರು ಆ ಆಟದ ನ್ಯಾಯವನ್ನು ಆಳಿದವರಿಗಿಂತ ಹೆಚ್ಚು ನಿಷ್ಠೆಯಿಂದ ನಂಬಿದರು, ಆಮೇಲೆ ಅದೇ ನ್ಯಾಯದ ತಕ್ಕಡಿಯಲ್ಲಿ ದೊರೆಗಳನ್ನೇ ತೂಗಿದರು ಎಂದು ತೋರಿಸಿದರು. ಈ ವಿಷಯದಲ್ಲಿ ಇದಕ್ಕಿಂತ ಆಳವಾದ ಮಾತನ್ನು ನಾನು ಕಂಡಿಲ್ಲ.

ಬಳ್ಳಾರಿ-ಆದವಾನಿ ಸೀಮೆ ಏನು ಹೇಳುತ್ತದೆ?

ನಮ್ಮ ಗಡಿಸೀಮೆಯ ಮಿಷನ್ ಚರಿತ್ರೆಯನ್ನು ಈ ನೋಟಗಳ ಪಕ್ಕ ಇಟ್ಟರೆ ಮೊದಲು ಹೊಳೆಯುವುದು ಕಾಲದ ಲೆಕ್ಕ. ಲಂಡನ್ ಮಿಷನ್ನಿನ ಜಾನ್ ಹ್ಯಾಂಡ್ಸ್ ಬಳ್ಳಾರಿಗೆ ಬಂದದ್ದು 1810ರಲ್ಲಿ, ಶಾಲೆಗಳಲ್ಲಿ ಆಟದ ಆರಾಧನೆ ಹುಟ್ಟುವುದಕ್ಕೆ ನಾಲ್ಕು ದಶಕ ಮೊದಲು. ಆ ಸಂಸ್ಥೆಯ ಹೆಚ್ಚಿನ ಬೋಧಕರು ಕಸುಬುದಾರರ, ಕೆಳಮಧ್ಯಮ ಕುಟುಂಬಗಳಿಂದ ಬಂದವರು. ಈಟನ್, ರಗ್ಬಿಯ ಮೈದಾನ ತುಳಿದವರಲ್ಲ. ಅವರು ಬಳ್ಳಾರಿಯಲ್ಲಿ ಮಾಡಿದ್ದು ಅಕ್ಷರದ ಕೆಲಸ. ಹ್ಯಾಂಡ್ಸ್ ಮತ್ತು ಸಂಗಡಿಗರ ಕನ್ನಡ ಬೈಬಲ್ 1831ರ ಹೊತ್ತಿಗೆ ಪೂರ್ಣವಾಯಿತು. ವಿಲಿಯಂ ರೀವ್ ಅವರ ಕನ್ನಡ-ಇಂಗ್ಲಿಷ್ ನಿಘಂಟು 1832ರಲ್ಲಿ ಬಂತು. ಊರಿನಲ್ಲಿ ವಾರ್ಡ್ಲಾ ಶಾಲೆ ಎದ್ದಿತು. ಕರಾವಳಿ ಮತ್ತು ಧಾರವಾಡದ ಬಾಸೆಲ್ ಮಿಷನ್ ಜರ್ಮನ್-ಸ್ವಿಸ್ ಮೂಲದ್ದು, ಕ್ರಿಕೆಟ್ ಆಡುವ ನಾಡಿನದೇ ಅಲ್ಲ. ಅದು ಕೊಟ್ಟದ್ದು ಅಚ್ಚುಕೂಟ, ಹೆಂಚು, ಮಗ್ಗ, 1843ರ ಮಂಗಳೂರು ಸಮಾಚಾರ, 1894ರ ಕಿಟೆಲ್ ನಿಘಂಟು.

ಇನ್ನೊಂದು ಮಾತು. ಮೈ ಹುರಿಗೊಳಿಸುವುದನ್ನು ನಮ್ಮ ಸೀಮೆಗೆ ಯಾರೂ ಹೊರಗಿನಿಂದ ತರಬೇಕಾಗಿರಲಿಲ್ಲ. ಗರಡಿ, ತಾಲೀಮು, ಚಿನ್ನಿದಾಂಡು ಇದ್ದವು. ಹೊಳಗುಂದದ ಬಳಿಯ ದೇವರಗಟ್ಟಿನಲ್ಲಿ ಮಾಳ ಮಲ್ಲೇಶ್ವರನ ಬನ್ನಿ ಉತ್ಸವದ ರಾತ್ರಿ ಸಾವಿರಾರು ಜನ ಬಡಿಗೆ ಹಿಡಿದು ಸೇರುವುದು ಇಂದಿಗೂ ನಡೆದಿದೆ. ಮೈಯ ಕಸುವಿಗೂ ದೇವರಿಗೂ ನಂಟು ಕಟ್ಟಿದ ಪರಂಪರೆ ಇಲ್ಲಿ ವಿಕ್ಟೋರಿಯಾ ರಾಣಿಗಿಂತ ಹಳೆಯದು.

ಕ್ರೈಸ್ತ ಸಂಸ್ಥೆಗಳು ನಮ್ಮ ಊರುಗಳಿಗೆ ನಿಜಕ್ಕೂ ತಂದ ಆಟ ಬೇರೆ. ಬ್ಯಾಸ್ಕೆಟ್‌ಬಾಲ್ (1891), ವಾಲಿಬಾಲ್ (1895) ಎರಡೂ ಅಮೆರಿಕದ ವೈ.ಎಂ.ಸಿ.ಎ. ಅಂಗಳದಲ್ಲಿ ಹುಟ್ಟಿದವು. 1920ರಲ್ಲಿ ಹ್ಯಾರಿ ಕ್ರೋ ಬಕ್ ಮದ್ರಾಸಿನಲ್ಲಿ ವೈ.ಎಂ.ಸಿ.ಎ. ದೈಹಿಕ ಶಿಕ್ಷಣ ಶಾಲೆ ತೆರೆದರು. ಅಲ್ಲಿ ತಯಾರಾದ ಡ್ರಿಲ್ ಮೇಷ್ಟ್ರುಗಳು ಪ್ರಾಂತ್ಯದ ಶಾಲೆಗಳಿಗೆ ಹಂಚಿಹೋದರು. ಹಳ್ಳಿ ಶಾಲೆಯ ವಾಲಿಬಾಲ್ ಕಂಬದ ಹಿಂದೆ ಮಿಷನ್ನಿನ ಕೈ ಇದೆ. ಕಣದ ಕ್ರಿಕೆಟ್ಟಿನ ಹಿಂದೆ ಇರುವುದು ದಂಡು, 1871ರಲ್ಲಿ ರಾಯಚೂರಿನವರೆಗೆ ಕೂಡಿಕೊಂಡ ರೈಲು, ಗುಂತಕಲ್ಲಿನಂತಹ ರೈಲ್ವೆ ಊರು, ಹೈಸ್ಕೂಲು, ಆಮೇಲೆ ರೇಡಿಯೊ ಮತ್ತು ಟೀವಿ.

ಹಾಗಾಗಿ ನಾಲ್ಕು ನೋಟಗಳನ್ನೂ ತೂಗಿ ನಾನು ಹೇಳುವುದಿಷ್ಟು. ಕಾಟನ್ ಅವರಿಗೆ ಕ್ರಿಕೆಟ್ ಧರ್ಮದ ಪಾಠವಾಗಿತ್ತು. ಸ್ಟಡ್ ಅವರಿಗೆ ಅದು ಮೊದಲು ಮೋಹ, ನಡುವೆ ತ್ಯಾಗ, ಊಟಿಯಲ್ಲಿ ಸಿಪಾಯಿಯ ಮನಸ್ಸಿನ ಬಾಗಿಲು ತೆರೆಯುವ ಕೀಲಿ. ಇಬ್ಬರಲ್ಲಿ ಯಾರೂ ಅದನ್ನು ನಮ್ಮ ಕೈಗೆ ಕೊಡಲಿಲ್ಲ. ಪಾದ್ರಿಗಳಿಂದ ಈ ಸೀಮೆ ಪಡೆದದ್ದು ನಿಘಂಟು ಮತ್ತು ಶಾಲೆ. ಕ್ರಿಕೆಟ್ಟನ್ನು ನೋಡಿ, ಕೂಲಿ ಮಾಡಿ, ಆಡಿ ನಾವೇ ಗಳಿಸಿಕೊಂಡೆವು.

ಇತ್ಯರ್ಥವಾಗದೆ ಉಳಿದದ್ದು

ಮೂರು ಪ್ರಶ್ನೆಗಳು ಇನ್ನೂ ಬಾಕಿ ಇವೆ. ಮೊದಲನೆಯದು ಸ್ಟಡ್ ಅವರ ಕುರಿತದ್ದು. ಊಟಿಯ ಆಟ ಪ್ರಚಾರದ ಉಪಾಯವಷ್ಟೇ ಆಗಿತ್ತೋ, ನಲವತ್ತು ದಾಟಿದ ಆಟಗಾರನ ಹಳೆಯ ಪ್ರೀತಿ ಮರಳಿ ಚಿಗುರಿತ್ತೋ? ಭಕ್ತರು ಬರೆದ ಚರಿತ್ರೆಗಳು ಮೊದಲನೆಯದನ್ನೇ ಒತ್ತುತ್ತವೆ. ಅವುಗಳಾಚೆಗಿನ ಓದು ಆಗಬೇಕಿದೆ.

ಎರಡನೆಯದು ಸಣ್ಣ ಊರುಗಳದ್ದು. ಭಾರತದ ಕ್ರಿಕೆಟ್ ಚರಿತ್ರೆ ಇಂದಿಗೂ ಮುಂಬಯಿ, ಮದ್ರಾಸ್, ಕಲ್ಕತ್ತೆಗಳ ಚರಿತ್ರೆ. ತಾಲ್ಲೂಕು ಕೇಂದ್ರಗಳಿಗೆ ಆಟ ತಲುಪಿದ ದಾರಿಯಲ್ಲಿ ದಂಡಿನ ಪಾಲೆಷ್ಟು, ರೈಲಿನ ಪಾಲೆಷ್ಟು, ಶಾಲೆಯ ಪಾಲೆಷ್ಟು ಎಂಬುದರಲ್ಲಿ ಒಮ್ಮತವಿಲ್ಲ.

ಮೂರನೆಯದು ಹೆಣ್ಣುಮಕ್ಕಳದ್ದು. ನಾಲ್ಕು ನೋಟಗಳೂ ಹುಡುಗರ ಮೈದಾನದ ಮಾತನ್ನೇ ಆಡುತ್ತವೆ. 1976ರಲ್ಲಿ ಭಾರತದ ಮಹಿಳಾ ತಂಡ ಮೊದಲ ಟೆಸ್ಟ್ ಆಡಿದಾಗ ನಾಯಕಿಯಾಗಿದ್ದವರು ಬೆಂಗಳೂರಿನ ಶಾಂತಾ ರಂಗಸ್ವಾಮಿ. ಅಲ್ಲಿಯವರೆಗಿನ ದಾರಿಯಲ್ಲಿ ಮಿಷನ್ನಿನ ಹೆಣ್ಣುಮಕ್ಕಳ ಶಾಲೆಗಳ ಪಾತ್ರವೇನು ಎಂಬ ವಿಚಾರಣೆ ಈಗಷ್ಟೇ ಶುರುವಾಗಬೇಕು.

ಆದವಾನಿ ಸೀಮೆಗೆ ಇನ್ನೊಂದು ತೊಡಕಿದೆ. 1953ರ ಅಕ್ಟೋಬರ್ 1ರಂದು ಬಳ್ಳಾರಿ ಮೈಸೂರಿಗೆ ಬಂತು; ಆದವಾನಿ, ಆಲೂರು, ರಾಯದುರ್ಗ ಆಂಧ್ರಕ್ಕೆ ಹೋದವು. ಅಲ್ಲಿಂದಾಚೆ ಈ ಊರುಗಳ ಹಳೆಯ ಕಥೆ ಎರಡು ರಾಜ್ಯಗಳ ಚರಿತ್ರೆಕಾರರ ನಡುವೆ ಜಾರಿ ಬೀಳುತ್ತಿದೆ. ಶಾಲೆಯ ಹಳೆಯ ದಾಖಲೆ ಪುಸ್ತಕ, ತಂಡದ ಗುಂಪುಚಿತ್ರ, ರೈಲ್ವೆ ಮನೆತನಗಳ ನೆನಪು, ಚರ್ಚಿನ ಕಪಾಟಿನಲ್ಲಿರುವ ಮಿಷನ್ ಪತ್ರಿಕೆ ನಿಮ್ಮ ಮನೆಯಲ್ಲಿ, ನಿಮ್ಮ ಊರಿನಲ್ಲಿ ಇದ್ದರೆ ದಯವಿಟ್ಟು ಕಾಪಾಡಿ. ಎಂಬತ್ತು ದಾಟಿದ ಹಿರಿಯರು ಹೇಳುವುದನ್ನು ಇವತ್ತೇ ಬರೆದಿಟ್ಟುಕೊಳ್ಳಿ. ಈ ಪ್ರಶ್ನೆಗೆ ಬೇಕಾದ ಮುಂದಿನ ಸಾಕ್ಷ್ಯ ಲಂಡನ್ನಿನ ಗ್ರಂಥಾಲಯದಲ್ಲಿ ಸಿಗುವುದಕ್ಕಿಂತ ನಿಮ್ಮ ಅಟ್ಟದ ಮೇಲಿನ ಪೆಟ್ಟಿಗೆಯಲ್ಲಿ ಸಿಗುವ ಸಂಭವವೇ ಹೆಚ್ಚು.